ಕೊಲೆಗಾರರ ಮನಸ್ಸನ್ನು ಬರೆದಿಟ್ಟ ಸುರಪುರದ ಟೇಲರ್ ಸಾಹೇಬ

ಟಿ.ವಿ. ಪರದೆಯ ಮೇಲೂ ಮೊಬೈಲ್‌ನಲ್ಲೂ ಇಂದು ಅಪರಾಧ ಸಾಕ್ಷ್ಯಚಿತ್ರಗಳಿಗೆ ಬರವಿಲ್ಲ. ಕಾರ್ಗಲ್‌ನ ಕೆಪಿಸಿ ವಸತಿಗೃಹಗಳಲ್ಲಿ, ತೀರ್ಥಹಳ್ಳಿಯ ತೋಟದ ಮನೆಗಳಲ್ಲಿ, ಹೊಸನಗರದ ಅಂಗಡಿಗಳ ಹಿಂಬದಿಯಲ್ಲಿ ರಾತ್ರಿ ಊಟದ ನಂತರ ಜನ ಇವನ್ನು ಕುತೂಹಲದಿಂದ ನೋಡುತ್ತಾರೆ. ಕೊಲೆಯ ವೃತ್ತಾಂತ ಒಂದು ಹಂತಕ್ಕೆ ಬಂದಾಗ ಅಪರಾಧ ಮನೋವಿಜ್ಞಾನದ ತಜ್ಞರೊಬ್ಬರು ತೆರೆಯ ಮೇಲೆ ಮೂಡುತ್ತಾರೆ. ಆರೋಪಿ ಏಕೆ ಹಾಗೆ ಮಾಡಿದ, ಮಾಡುವಾಗ ಅವನ ಮನಸ್ಸಿನಲ್ಲಿ ಏನಿತ್ತು, ಮಾಡಿದ ಮೇಲೆ ಹೇಗೆ ನೆಮ್ಮದಿಯಿಂದ ನಿದ್ರಿಸಿದ ಎಂಬುದನ್ನು ವಿವರಿಸುತ್ತಾರೆ. ಈ ಪರಿಪಾಠಕ್ಕೆ ಸಾಮಾನ್ಯವಾಗಿ ಅಮೆರಿಕದ ಎಫ್‌ಬಿಐ ಸಂಸ್ಥೆಯ ಹೆಸರು ಹೇಳಲಾಗುತ್ತದೆ. 1970ರ ದಶಕದಲ್ಲಿ ರಾಬರ್ಟ್ ರೆಸ್ಲರ್, ಜಾನ್ ಡಗ್ಲಸ್ ಮೊದಲಾದ ಅಧಿಕಾರಿಗಳು ಸೆರೆಮನೆಗಳಿಗೆ ಹೋಗಿ ಸರಣಿ ಹಂತಕರನ್ನು ಕೂರಿಸಿಕೊಂಡು ಮಾತನಾಡಿಸಿದ್ದರು.

ಆದರೆ ಅದಕ್ಕೂ ಸುಮಾರು 140 ವರ್ಷಗಳ ಮೊದಲೇ ಹೈದರಾಬಾದ್ ನಿಜಾಮನ ಸೀಮೆಯಲ್ಲಿ ಇಪ್ಪತ್ತನಾಲ್ಕು ಇಪ್ಪತ್ತೈದರ ಹರೆಯದ ಒಬ್ಬ ಸೇನಾಧಿಕಾರಿ ಇದೇ ಕೆಲಸ ಮಾಡಿದ್ದ. ಸೆರೆಸಿಕ್ಕ ಕೊಲೆಗಾರರ ಹೇಳಿಕೆಗಳನ್ನು ದಿನಗಟ್ಟಲೆ ಬರೆದುಕೊಂಡ. ಬಳಿಕ ಅವನ್ನು ಕಥನವಾಗಿಸಿ ಇಂಗ್ಲೆಂಡಿನ ರಾಣಿಯವರೆಗೂ ತಲುಪಿಸಿದ. ಆತನೇ ಫಿಲಿಪ್ ಮೆಡೋಸ್ ಟೇಲರ್. ಯಾದಗಿರಿ ಜಿಲ್ಲೆಯ ಸುರಪುರದಲ್ಲಿ ಇಂದಿಗೂ ಟೇಲರ್ ಸಾಹೇಬನೆಂದರೆ ಪರಿಚಯ ಬೇಕಿಲ್ಲ. ಗುಡ್ಡದ ಮೇಲಿನ ಆತನ ಬಂಗಲೆ ಟೇಲರ್ ಮಂಜಿಲ್ ಎಂದೇ ಹೆಸರಾಗಿದೆ.

ಟೇಲರ್ ಹುಟ್ಟಿದ್ದು 1808ರ ಸೆಪ್ಟೆಂಬರ್ 25ರಂದು ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ. ತಂದೆ ವ್ಯಾಪಾರಿ. ವ್ಯಾಪಾರ ಕೈಕೊಟ್ಟಿದ್ದರಿಂದ ಹುಡುಗನ ಶಾಲೆ ಬೇಗನೆ ಮುಗಿಯಿತು. 1824ರಲ್ಲಿ, ಹದಿನೈದರ ವಯಸ್ಸಿನಲ್ಲಿ, ಮುಂಬಯಿಯ ವ್ಯಾಪಾರಿಯೊಬ್ಬನ ಕೋಠಿಯಲ್ಲಿ ಗುಮಾಸ್ತನಾಗಲು ಹಡಗು ಹತ್ತಿಸಿ ಕಳಿಸಿದರು. ಪ್ರಾಯಕ್ಕೆ ಬಂದ ಮೇಲೆ ಪಾಲುದಾರಿಕೆ ಕೊಡುವ ಮಾತಾಗಿತ್ತು. ಬಂದು ನೋಡಿದರೆ ಆ ಕೋಠಿಯೇ ಮುಳುಗುವ ಸ್ಥಿತಿಯಲ್ಲಿತ್ತು. ತಾಯಿಯ ಕಡೆಯ ಬಂಧುವೊಬ್ಬ ಮುಂಬಯಿ ಸರ್ಕಾರದಲ್ಲಿ ದೊಡ್ಡ ಹುದ್ದೆಯಲ್ಲಿದ್ದುದರಿಂದ ನಿಜಾಮನ ಸೈನ್ಯದಲ್ಲಿ ಒಂದು ಸ್ಥಾನ ದೊರೆಯಿತು. ಹುಡುಗ ಔರಂಗಾಬಾದಿಗೆ ಹೊರಟ.

ಇಲ್ಲೊಂದು ಸೂಕ್ಷ್ಮವನ್ನು ಗಮನಿಸಬೇಕು. ನಿಜಾಮನ ಸೇವೆಯಲ್ಲಿದ್ದ ಇಂಗ್ಲಿಷ್ ಅಧಿಕಾರಿಗೆ ಕಂಪನಿ ಸರ್ಕಾರದ ಅಧಿಕಾರಿಯ ಗತ್ತು, ಪಿಂಚಣಿ, ಬಡ್ತಿ ಇರಲಿಲ್ಲ. ಟೇಲರ್ ಜೀವನದುದ್ದಕ್ಕೂ ಈ ಎರಡನೆಯ ದರ್ಜೆಯ ಸ್ಥಾನದಲ್ಲೇ ದುಡಿದ. ಬಹುಶಃ ಅದರಿಂದಲೇ ಆತ ಜನರ ಹತ್ತಿರಕ್ಕೆ ಬಂದ. ದುಭಾಷಿಯ ನೆರವಿಲ್ಲದೆ ಹಿಂದೂಸ್ತಾನಿ, ಮರಾಠಿ, ಪಾರಸಿ ಭಾಷೆಗಳಲ್ಲಿ ವ್ಯವಹರಿಸುವಷ್ಟು ಪಳಗಿದ. ಭೂಮಾಪನ, ಕಾನೂನು, ಭೂವಿಜ್ಞಾನ, ಚಿತ್ರಕಲೆ ಎಲ್ಲವನ್ನೂ ತಾನೇ ಕಲಿತ. ಮದುವೆಯಾದದ್ದು ಹೈದರಾಬಾದಿನ ಹೆಸರಾಂತ ಸಾಹುಕಾರ ವಿಲಿಯಂ ಪಾಮರ್‌ನ ಮಗಳು ಮೇರಿಯನ್ನು. ಪಾಮರ್ ತಂದೆ ಇಂಗ್ಲಿಷ್ ಸೇನಾಪತಿ, ತಾಯಿ ಭಾರತೀಯ ಮುಸ್ಲಿಂ ಮನೆತನದವಳು. ಅಂದಿನ ಇಂಗ್ಲಿಷ್ ಸಮಾಜದಲ್ಲಿ ಇದು ಹೆಮ್ಮೆಯಿಂದ ಹೇಳಿಕೊಳ್ಳುವ ಸಂಬಂಧವಾಗಿರಲಿಲ್ಲ.

ಇನ್ನೂ ಇಪ್ಪತ್ತು ತುಂಬುವ ಮೊದಲೇ ಟೇಲರ್‌ಗೆ ನಿಜಾಮನ ಸೀಮೆಯ ನೈಋತ್ಯ ಭಾಗದಲ್ಲಿ ಸಹಾಯಕ ಪೊಲೀಸ್ ಅಧಿಕಾರಿಯ ಕೆಲಸ ಬಿತ್ತು. ದರೋಡೆಗಾರರ ಬೆನ್ನು ಹತ್ತುವುದು ನಿತ್ಯದ ಕಾಯಕ. ಆ ದಿನಗಳಲ್ಲಿ ರಸ್ತೆ ಬದಿಯಲ್ಲಿ ಅಲ್ಲಲ್ಲಿ ಗುರುತು ಸಿಗದ ಹೆಣಗಳು ದೊರೆಯುತ್ತಿದ್ದವು. ಗಾಯವಿಲ್ಲ, ರಕ್ತವಿಲ್ಲ, ದೂರು ಕೊಡುವವರೂ ಇಲ್ಲ. ಸತ್ತವರು ದೂರದ ಊರಿನವರಾದ್ದರಿಂದ ಸ್ಥಳೀಯರಿಗೆ ಅವರ ಗೊಡವೆ ಇರಲಿಲ್ಲ. ಇದರ ಹಿಂದೆ ಒಂದು ಸಂಘಟಿತ ಕೂಟವಿದೆಯೆಂಬ ಗುಮಾನಿ ಟೇಲರ್‌ಗೆ ಹುಟ್ಟಿ, ಜಾಡು ಹಿಡಿಯುವಷ್ಟರಲ್ಲಿ ಆತನನ್ನು ಮರಳಿ ಪಲ್ಟನ್ನಿಗೆ ಕರೆಸಿಕೊಂಡರು. ಕೆಲವೇ ವರ್ಷಗಳಲ್ಲಿ ಆ ಕೂಟವನ್ನು ಬಯಲಿಗೆಳೆದ ಕೀರ್ತಿ ಮಧ್ಯ ಭಾರತದ ವಿಲಿಯಂ ಸ್ಲೀಮನ್‌ಗೆ ಸಂದಿತು. ಈ ಕೊರಗು ಟೇಲರ್‌ನನ್ನು ಮುಪ್ಪಿನವರೆಗೂ ಬಿಡಲಿಲ್ಲ.

ಸ್ಲೀಮನ್‌ನ ಕಾರ್ಯಕ್ಷೇತ್ರವಾಗಿದ್ದ ಸಾಗರ ಮತ್ತು ಜಬಲ್ಪುರಗಳ ಹೆಸರು ಈ ಇತಿಹಾಸದಲ್ಲಿ ಹೆಜ್ಜೆಹೆಜ್ಜೆಗೂ ಬರುತ್ತದೆ. ಆ ಸಾಗರ ಇಂದಿನ ಮಧ್ಯಪ್ರದೇಶದ್ದು. ಕೆಳದಿ, ಇಕ್ಕೇರಿಗಳ ನೆರೆಯ ಮಲೆನಾಡಿನ ಸಾಗರವಲ್ಲ. ಆದರೆ ಥಗ್ಗರ ಇತಿಹಾಸಕ್ಕೂ ಕನ್ನಡ ನಾಡಿಗೂ ನಂಟಿಲ್ಲ ಎನ್ನುವಂತಿಲ್ಲ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಕೆಲಕಾಲದಲ್ಲೇ ಬೆಂಗಳೂರಿನ ಬಳಿ ಸುಮಾರು ನೂರು ಮಂದಿ ಇಂತಹ ಕೊಲೆಗಾರರನ್ನು ಹಿಡಿಯಲಾಗಿತ್ತು. ಇಂಗ್ಲಿಷರ ಕಣ್ಣಿಗೆ ಈ ವೃತ್ತಿ ಮೊದಲು ಬಿದ್ದ ಸಂದರ್ಭಗಳಲ್ಲಿ ಇದೂ ಒಂದು. 1816ರಲ್ಲಿ ಮದರಾಸಿನ ವೈದ್ಯ ರಿಚರ್ಡ್ ಶೆರ್ವುಡ್ ದಕ್ಷಿಣದ ಫಾಂಸಿಗಾರರ ಬಗ್ಗೆ ಲೇಖನ ಬರೆದಾಗ, ಕನ್ನಡದಲ್ಲಿ ಇವರನ್ನು ತಂತಿಕಳ್ಳರು ಎಂದು ಕರೆಯುತ್ತಾರೆಂದು ದಾಖಲಿಸಿದ್ದ. ಕುಣಿಕೆ ಬಿಗಿಯಲು ತಂತಿಯನ್ನೋ ನರದ ಹುರಿಯನ್ನೋ ಬಳಸುತ್ತಿದ್ದುದರಿಂದ ಬಂದ ಹೆಸರದು. ಉತ್ತರದಲ್ಲಿ ಅದರ ಸ್ಥಾನವನ್ನು ರುಮಾಲು ಪಡೆದಿತ್ತು.

ಕೊಲೆಯ ವಿಧಾನದಲ್ಲಿ ಬಲಕ್ಕಿಂತ ಮಾತಿನ ಪಾಲೇ ಹೆಚ್ಚು. ಅಂದು ಪ್ರಯಾಣವೆಂದರೆ ಕಾಲ್ನಡಿಗೆ, ಎತ್ತಿನ ಹೇರು, ಅಪರೂಪಕ್ಕೆ ಕುದುರೆ. ಘಟ್ಟದ ಮೇಲಿನ ಅಡಿಕೆ, ಮೆಣಸು ಕರಾವಳಿಗೆ ಇಳಿಯುತ್ತಿದ್ದ ದಾರಿಗಳಲ್ಲೂ ಒಬ್ಬಂಟಿಯಾಗಿ ಹೋಗಲು ಹೆದರಿ ಜನ ಜೊತೆ ಹುಡುಕುತ್ತಿದ್ದ ಕಾಲವದು. ಥಗ್ಗರು ಆ ಹೆದರಿಕೆಯನ್ನೇ ಬಂಡವಾಳ ಮಾಡಿಕೊಂಡಿದ್ದರು. ಗೌರವಸ್ಥ ವ್ಯಾಪಾರಿಯಂತೆ, ಸಿಪಾಯಿಯಂತೆ ವೇಷ ತೊಟ್ಟ ಒಬ್ಬ ಬಂದು ದಾರಿಯಲ್ಲಿ ಕಳ್ಳರ ಕಾಟವಿದೆ, ಒಟ್ಟಿಗೆ ಹೋಗೋಣವೆನ್ನುತ್ತಿದ್ದ. ಅವರ ಒಳಮಾತಿನಲ್ಲಿ ಈತ ಸೋಥಾ. ಕತ್ತು ಬಿಗಿಯುವವ ಭುರ್ತೋಟ್, ಕೈ ಹಿಡಿಯುವವ ಶಂಸಿಯಾ, ಗುಂಡಿ ತೋಡುವವ ಲುಘಾ. ದಿನಗಟ್ಟಲೆ ಒಟ್ಟಿಗೆ ನಡೆದು, ಒಟ್ಟಿಗೆ ಉಂಡು, ವಿಶ್ವಾಸ ಗಟ್ಟಿಯಾದ ಮೇಲೆ ಮೊದಲೇ ಗೊತ್ತು ಮಾಡಿದ ಜಾಗದಲ್ಲಿ ಕ್ಷಣಾರ್ಧದಲ್ಲಿ ಕೆಲಸ ಮುಗಿಯುತ್ತಿತ್ತು. ನಂತರ ತಪೌನಿಯ ಬೆಲ್ಲ ಹಂಚಿಕೊಂಡು ತಿನ್ನುತ್ತಿದ್ದರು. ಈ ಗುಪ್ತ ಭಾಷೆಯ ಪದಗಳನ್ನೆಲ್ಲ ಸ್ಲೀಮನ್ 1836ರಲ್ಲಿ ರಾಮಾಸಿಯಾನಾ ಎಂಬ ಪುಸ್ತಕದಲ್ಲಿ ಸಂಗ್ರಹಿಸಿದ.

1830ರ ದಶಕದ ಆರಂಭದಲ್ಲಿ ಹೈದರಾಬಾದ್ ಸೀಮೆಯ ಥಗ್ಗರ ವಿಚಾರಣೆ ಕ್ಯಾಪ್ಟನ್ ರೆನಾಲ್ಡ್ಸ್ ಎಂಬಾತನ ಪಾಲಿಗೆ ಬಂತು. ಟೇಲರ್ ತಾನಾಗಿಯೇ ಮುಂದೆ ಬಂದು ನೆರವಾದ. ಮಾಫಿ ಸಾಕ್ಷಿಗಳಾಗಿ ಬದಲಾದ ಥಗ್ಗರು ಒಬ್ಬೊಬ್ಬರಾಗಿ ತಮ್ಮ ಪ್ರಯಾಣಗಳನ್ನು, ಕೊಂದವರನ್ನು, ಹೂತ ಜಾಗಗಳನ್ನು ಹೇಳುತ್ತಿದ್ದರು, ಟೇಲರ್ ಬರೆದುಕೊಳ್ಳುತ್ತಿದ್ದ. ಅವರು ತೋರಿಸಿದ ಕಡೆ ಅಗೆದಾಗ ಮೂಳೆಗಳು ಸಿಗುತ್ತಿದ್ದವು. ಪೊಲೀಸ್ ಅಧಿಕಾರಿಯಾಗಿದ್ದ ಕಾಲದಲ್ಲಿ ತಾನು ದಾಟಿ ಹೋದ ದಾರಿಗಳ ಬದಿಯಲ್ಲೇ ಇಷ್ಟೆಲ್ಲ ನಡೆದಿತ್ತೆಂಬುದು ಆಗ ಆತನಿಗೆ ತಿಳಿಯಿತು.

ಆತನನ್ನು ಬೆಚ್ಚಿಬೀಳಿಸಿದ್ದು ಕೊಲೆಗಳ ಸಂಖ್ಯೆಯಷ್ಟೇ ಅಲ್ಲ, ಹೇಳುವವರ ನಿರುದ್ವಿಗ್ನ ಧಾಟಿಯೂ ಹೌದು. ಅವರಲ್ಲಿ ಒಳ್ಳೆಯ ತಂದೆಯರಿದ್ದರು, ಊರಿನಲ್ಲಿ ಮರ್ಯಾದಸ್ಥರೆನಿಸಿಕೊಂಡವರಿದ್ದರು, ದಿನವೂ ಪ್ರಾರ್ಥನೆ ಮಾಡುವವರಿದ್ದರು. ಕಳ್ಳತನವನ್ನು ಹೀನವೆಂದು ಬಗೆದು, ತಮ್ಮ ಕೆಲಸವನ್ನು ಕುಲವಿದ್ಯೆಯೆಂದು ಹೆಮ್ಮೆಪಡುತ್ತಿದ್ದರು. ಸತ್ತವನ ಆಯುಸ್ಸು ಮುಗಿದಿತ್ತು, ತಾವು ನಿಮಿತ್ತ ಮಾತ್ರ ಎಂಬ ಸಮಾಧಾನ ಅವರಿಗಿತ್ತು. ಇಂದಿನ ತಜ್ಞರು ಹೊಣೆ ಜಾರಿಸುವುದು, ಬಲಿಯಾದವನನ್ನು ಮನುಷ್ಯನೆಂದೇ ಎಣಿಸದಿರುವುದು ಎಂದೆಲ್ಲ ವಿಂಗಡಿಸುವ ಮನೋಧರ್ಮಗಳನ್ನು ಯಾವ ಶಾಸ್ತ್ರದ ಬೆಂಬಲವೂ ಇಲ್ಲದೆ ಟೇಲರ್ ಕಂಡುಕೊಂಡ.

ಇದರ ಫಲವೇ 1839ರಲ್ಲಿ ಲಂಡನ್ನಿನಲ್ಲಿ ಮೂರು ಸಂಪುಟಗಳಲ್ಲಿ ಬಂದ ಕಾದಂಬರಿ, ‘ಕನ್ಫೆಷನ್ಸ್ ಆಫ್ ಎ ಥಗ್’. ಅಮೀರ್ ಅಲಿ ಎಂಬ ಥಗ್ಗ ಸೆರೆಮನೆಯಲ್ಲಿ ಸಾಹೇಬನೊಬ್ಬನ ಎದುರು ತನ್ನ ಬದುಕನ್ನು ಹೇಳಿಕೊಳ್ಳುತ್ತಾನೆ. ಆತನ ಲೆಕ್ಕಕ್ಕೆ ಸಿಕ್ಕ ಕೊಲೆಗಳು 719. ನಡುವೆ ಸೆರೆವಾಸವಾಗದಿದ್ದರೆ ಸಾವಿರ ಮುಟ್ಟುತ್ತಿತ್ತೆಂಬ ಕೊರಗು ಬೇರೆ. ತನ್ನನ್ನು ಮಗನಂತೆ ಸಾಕಿದವನೇ ತನ್ನ ಹೆತ್ತವರನ್ನು ಕೊಂದವನೆಂದೂ, ತಾನು ಕೊಂದವರಲ್ಲಿ ತನ್ನ ಒಡಹುಟ್ಟಿದ ತಂಗಿಯೂ ಇದ್ದಳೆಂದೂ ಆತನಿಗೆ ಬಹಳ ತಡವಾಗಿ ತಿಳಿಯುತ್ತದೆ. ಕೇಳುತ್ತಿರುವ ಸಾಹೇಬ ಅಪರೂಪಕ್ಕೆ ಮಾತನಾಡುತ್ತಾನೆ, ನೀತಿ ಬೋಧಿಸಲು ಅವಸರಪಡುವುದಿಲ್ಲ. ಓದುಗ ಒಂದು ಹಂತದಲ್ಲಿ ಕೊಲೆಗಾರನ ಜಾಣ್ಮೆಗೆ ತಲೆದೂಗಿ, ಮರುಗಳಿಗೆಯೇ ತನ್ನ ಬಗ್ಗೆ ತಾನೇ ನಾಚುತ್ತಾನೆ. ಪುಸ್ತಕದ ಶಕ್ತಿ ಇರುವುದು ಇಲ್ಲಿ. ಆಗಷ್ಟೇ ಪಟ್ಟಕ್ಕೆ ಬಂದಿದ್ದ ಯುವ ರಾಣಿ ವಿಕ್ಟೋರಿಯಾ ಅಚ್ಚಿನ ಕರಡು ಹಾಳೆಗಳನ್ನೇ ತರಿಸಿಕೊಂಡು ಓದಿದಳು. ರಜೆಯ ಮೇಲೆ ಇಂಗ್ಲೆಂಡಿನಲ್ಲಿದ್ದ ಟೇಲರ್ ಹೆಸರುವಾಸಿಯಾದ. ಸುಮಾರು 180 ವರ್ಷಗಳ ಬಳಿಕ, 2018ರಲ್ಲಿ ಅಮಿತಾಭ್ ಬಚ್ಚನ್, ಆಮೀರ್ ಖಾನ್ ನಟಿಸಿದ ‘ಥಗ್ಸ್ ಆಫ್ ಹಿಂದೋಸ್ತಾನ್’ ತೆರೆಕಂಡಾಗಲೂ ಈ ಕಾದಂಬರಿಯ ಹೆಸರು ಪತ್ರಿಕೆಗಳಲ್ಲಿ ಓಡಾಡಿತು. ಚಿತ್ರಕ್ಕೂ ಪುಸ್ತಕಕ್ಕೂ ಸಂಬಂಧ ಹೆಸರಿನಷ್ಟೇ.

ಆದರೆ ಈ ಪುಸ್ತಕವನ್ನು ಇಂದು ಹಾಗೆಯೇ ನಂಬಿ ಓದುವಂತಿಲ್ಲ. ಹೇಳಿಕೆ ಕೊಟ್ಟವರೆಲ್ಲ ನೇಣಿನಿಂದ ಪಾರಾಗಲು ಮಾತನಾಡಿದವರು. ಹೆಚ್ಚು ಹೇಳಿದಷ್ಟೂ, ಹೆಚ್ಚು ಹೆಸರು ಕೊಟ್ಟಷ್ಟೂ ಅವರ ಜೀವಕ್ಕೆ ಬೆಲೆ. ಕೇಳುವ ಸಾಹೇಬನಿಗೆ ಕಾಳಿಯ ಆರಾಧನೆಯ, ಪುರಾತನ ರಹಸ್ಯ ಪಂಥದ ಕಥೆ ರುಚಿಸುತ್ತದೆಂದು ಅವರಿಗೂ ಗೊತ್ತಿತ್ತು. ಇತಿಹಾಸಕಾರರಾದ ರಾಧಿಕಾ ಸಿಂಘಾ, ಕಿಮ್ ವ್ಯಾಗ್ನರ್ ಮೊದಲಾದವರು ಈ ದಾಖಲೆಗಳನ್ನು ಮತ್ತೆ ಪರಿಶೀಲಿಸಿದ್ದಾರೆ. ಅವರ ಅಧ್ಯಯನಗಳ ನಂತರ ಥಗ್ಗರನ್ನು ಒಂದೇ ಧಾರ್ಮಿಕ ಪಂಥವೆಂದು ನೋಡುವುದು ಕಷ್ಟ. ಯುದ್ಧಗಳು ನಿಂತು ಕೆಲಸ ಕಳೆದುಕೊಂಡ ಸಿಪಾಯಿಗಳು, ಬರಗಾಲಕ್ಕೆ ಸಿಕ್ಕ ರೈತರು, ಲೂಟಿಯಲ್ಲಿ ಪಾಲು ಪಡೆಯುತ್ತಿದ್ದ ಜಮೀನುದಾರರು ಸೇರಿದ್ದ ವಿವಿಧ ಗುಂಪುಗಳಂತೆ ಅವರು ಕಾಣಿಸುತ್ತಾರೆ. ಕೊಲೆಗಳು ನಡೆದದ್ದು ನಿಜ. ಅವುಗಳ ಸುತ್ತ ಹೆಣೆದ ಕಥೆಯಲ್ಲಿ ಕೇಳುವವರ ಕಲ್ಪನೆಯೂ ಸಾಕಷ್ಟು ಬೆರೆತಿದೆ.

ಅದರ ಪರಿಣಾಮ ಪುಸ್ತಕಕ್ಕೆ ಸೀಮಿತವಾಗಿ ಉಳಿಯಲಿಲ್ಲ. 1836ರ ಕಾಯ್ದೆಯೊಂದು ಥಗ್ಗರ ಗುಂಪಿಗೆ ಸೇರಿದ್ದನೆಂಬುದು ರುಜುವಾತಾದರೆ ಸಾಕು, ನಿರ್ದಿಷ್ಟ ಕೊಲೆಯ ಸಾಕ್ಷ್ಯವಿಲ್ಲದಿದ್ದರೂ ಜೀವಾವಧಿ ಸೆರೆ ವಿಧಿಸಬಹುದೆಂದಿತು. ಇತ್ತ ಸಾಗರದಲ್ಲಿ ನೇಣಿಗೇರಿಸಿದ ಏಳು ಮಂದಿ ಥಗ್ಗರ ತಲೆಬುರುಡೆಗಳು ಎಡಿನ್‌ಬರೋ ನಗರದ ಕಪಾಲಶಾಸ್ತ್ರ ಸಂಘಕ್ಕೆ ಹೋದವು. ಬುರುಡೆಯ ಉಬ್ಬುತಗ್ಗುಗಳಲ್ಲಿ ಕೊಲೆಗಾರನ ಸ್ವಭಾವ ಹುಡುಕುವ ವಿದ್ಯೆ ಅದು. ಈಗ ಅದಕ್ಕೆ ಬೆಲೆಯಿಲ್ಲ. ಗುಂಪನ್ನೇ ಅಪರಾಧಿಯೆನ್ನುವ ಯೋಚನೆ ಮಾತ್ರ ಬೆಳೆದು 1871ರಲ್ಲಿ ಅಪರಾಧಿ ಬುಡಕಟ್ಟುಗಳ ಕಾಯ್ದೆಯಾಯಿತು. ಹುಟ್ಟಿನಿಂದಲೇ ಕಳ್ಳರೆನಿಸಿಕೊಂಡ ಸಮುದಾಯಗಳು ಪೊಲೀಸ್ ಠಾಣೆಗೆ ಹಾಜರಿ ಹಾಕಬೇಕಾಯಿತು; ಬೇಲಿಯೊಳಗಿನ ವಸಾಹತುಗಳಲ್ಲಿ ಬದುಕಬೇಕಾಯಿತು. ಹುಬ್ಬಳ್ಳಿಯ ಸೆಟ್ಲ್‌ಮೆಂಟ್ ಎಂಬ ಪ್ರದೇಶದ ಹೆಸರು ಆ ಕಾಲದ ಉಳಿಕೆ. ಕಾಯ್ದೆ ರದ್ದಾದದ್ದು ಸ್ವಾತಂತ್ರ್ಯ ಬಂದ ಮೇಲೆ, 1952ರಲ್ಲಿ. ಇದಕ್ಕೆಲ್ಲ ಟೇಲರ್ ಒಬ್ಬನೇ ಹೊಣೆಯೆನ್ನುವುದು ಅನ್ಯಾಯ. ಆತನ ಕಾದಂಬರಿ ಆ ಭಯವನ್ನು ಮನೆಮನೆಗೆ ಮುಟ್ಟಿಸಿತೆಂಬುದನ್ನು ಮರೆಯುವುದೂ ಸರಿಯಲ್ಲ.

ಕಂಪನಿಯ ಕಡತಗಳಲ್ಲಿ ಕಳ್ಳನಿಗೂ ಬಂಡಾಯಗಾರನಿಗೂ ನಡುವಿನ ಗೆರೆ ಎಷ್ಟು ತೆಳುವಾಗಿತ್ತೆಂಬುದು ಮಲೆನಾಡಿಗೆ ಗೊತ್ತು. ಥಗ್ಗರ ಬೇಟೆ ಜೋರಾಗಿದ್ದ 1830–31ರಲ್ಲೇ ನಗರ ಸೀಮೆಯ ರೈತರು ಕಂದಾಯದ ಕಿರುಕುಳದ ವಿರುದ್ಧ ಎದ್ದಿದ್ದರು. ನಗರದ ದೊರೆತನ ತನ್ನದೆಂದ ಬೂದಿ ಬಸಪ್ಪ ಆಳುವವರ ಕಣ್ಣಿಗೆ ಬರಿಯ ವೇಷಗಾರ. ಆ ದಂಗೆಯನ್ನೇ ಕಾರಣವಾಗಿಟ್ಟು ಇಂಗ್ಲಿಷರು 1831ರಲ್ಲಿ ಮೈಸೂರಿನ ಆಡಳಿತವನ್ನು ಕೈಗೆ ತೆಗೆದುಕೊಂಡರು. ಇಂತಹುದೇ ಗೆರೆ ಟೇಲರ್‌ನ ಬದುಕನ್ನೂ ಅಡ್ಡಹಾಯ್ದದ್ದು ಸುರಪುರದಲ್ಲಿ.

1840ರಲ್ಲಿ ಮರಳಿ ಬಂದ ಟೇಲರ್‌ನನ್ನು ಮರುವರ್ಷ ಸುರಪುರಕ್ಕೆ ಕಳಿಸಲಾಯಿತು. ಕೃಷ್ಣಾ ಭೀಮಾ ನದಿಗಳ ನಡುವಿನ ಈ ಬೇಡರ ಸಂಸ್ಥಾನ ಮೊಗಲರಿಗೂ ಮಣಿಯದೆ ನಿಂತದ್ದು. ಅರಸ ಕೃಷ್ಣಪ್ಪ ನಾಯಕ ತೀರಿಕೊಂಡಿದ್ದ. ಮಗ ವೆಂಕಟಪ್ಪ ನಾಯಕ ಏಳೆಂಟು ವರ್ಷದ ಬಾಲಕ. ಅಧಿಕಾರಕ್ಕಾಗಿ ರಾಣಿ ಈಶ್ವರಮ್ಮನಿಗೂ ಅರಸನ ತಮ್ಮ ಪಿಡ್ಡನಾಯಕನಿಗೂ ಜಗ್ಗಾಟ ನಡೆದಿತ್ತು. ನಿಜಾಮನಿಗೆ ಸಲ್ಲಬೇಕಾದ ಹಣ ಬಾಕಿ ಬೆಟ್ಟದಷ್ಟಿತ್ತು. ರಾಣಿಯ ಬಗ್ಗೆ ಟೇಲರ್ ಬರೆದಿರುವುದೆಲ್ಲ ಕಟುವಾದದ್ದು. ಎದುರಾಳಿ ಬರೆದ ಚಿತ್ರವೆಂದೇ ಅದನ್ನು ಓದಬೇಕು.

ಹನ್ನೆರಡು ವರ್ಷ, 1853ರವರೆಗೆ, ಟೇಲರ್ ಸುರಪುರದಲ್ಲಿದ್ದ. ಕ್ರಮೇಣ ಆಡಳಿತದ ಹೊಣೆಯೆಲ್ಲ ಆತನ ಹೆಗಲಿಗೆ ಬಿತ್ತು. ರಸ್ತೆ ಮಾಡಿಸಿದ, ಕೆರೆಗಳನ್ನು ಸರಿಪಡಿಸಿದ, ಬೋನಾಳದ ಕೆರೆಯನ್ನು ವಿಸ್ತರಿಸಿದ, ಅದೀಗ ಪಕ್ಷಿಧಾಮ. ಜನ ಆತನನ್ನು ಮಹದೇವ ಬಾಬಾ ಎಂದು ಕರೆದರು. ಹೆಂಡತಿ ಮೇರಿ ಈ ವರ್ಷಗಳಲ್ಲೇ ತೀರಿಕೊಂಡಳು. ಲಂಡನ್ನಿನ ಟೈಮ್ಸ್ ಪತ್ರಿಕೆಗೆ ಆತ ಸುದ್ದಿ ಬರೆದು ಕಳಿಸುತ್ತಿದ್ದದ್ದೂ ಇದೇ ಕಾಲದಲ್ಲಿ. ರಾಜನಕೋಳೂರು, ಜೇವರ್ಗಿ ಸುತ್ತಲಿನ ಬೃಹತ್ ಶಿಲಾಸಮಾಧಿಗಳನ್ನು ಅಗೆದು, ಮಣ್ಣಿನ ಯಾವ ಪದರದಲ್ಲಿ ಏನು ಸಿಕ್ಕಿತೆಂದು ಚಿತ್ರ ಬರೆದಿಟ್ಟ. ನೂರು ವರ್ಷಗಳ ನಂತರ, 1947ರಲ್ಲಿ ಮೊಳಕಾಲ್ಮೂರಿನ ಬ್ರಹ್ಮಗಿರಿಯಲ್ಲಿ ಉತ್ಖನನ ನಡೆಸಿದ ಮಾರ್ಟಿಮರ್ ವೀಲರ್ ಈ ರೇಖಾಚಿತ್ರಗಳನ್ನು ಮೆಚ್ಚಿಕೊಂಡ. ಥಗ್ಗರು ತೋರಿಸಿದ ಗುಂಡಿಗಳಿಂದ ಮೂಳೆ ಎತ್ತಿಸಿದ ಕಾಲದ ಅಭ್ಯಾಸ ಇಲ್ಲಿಯೂ ಕೆಲಸಕ್ಕೆ ಬಂದಿರಬೇಕು.

ಬಾಲಕ ಅರಸ ಟೇಲರ್‌ನನ್ನು ಅಪ್ಪ ಎಂದೇ ಕರೆಯುತ್ತಿದ್ದ. ಸ್ವಂತ ಹೆಣ್ಣುಮಕ್ಕಳು ದೂರದ ಇಂಗ್ಲೆಂಡಿನಲ್ಲಿದ್ದ ಆ ಒಂಟಿ ಮನುಷ್ಯನಿಗೆ ಆ ಹುಡುಗನ ಮೇಲಿದ್ದ ಮಮತೆ ನಾಟಕದ್ದಲ್ಲ. ಇದೇ ಕಾಲದಲ್ಲಿ ಅರಮನೆಯ ಜ್ಯೋತಿಷಿಯೊಬ್ಬ ಗುಟ್ಟಾಗಿ ಹುಡುಗನ ಜಾತಕದ ವಿಷಯ ತಿಳಿಸಿದ್ದನೆಂದು ಟೇಲರ್ ಬರೆದಿದ್ದಾನೆ. ಇಪ್ಪತ್ನಾಲ್ಕನೆಯ ವರ್ಷವನ್ನು ಅರಸ ದಾಟುವುದಿಲ್ಲವೆಂಬುದು ಅದರ ಸಾರ. ಟೇಲರ್ ನಂಬಲಿಲ್ಲ.

1853ರಲ್ಲಿ ಪ್ರಾಯಕ್ಕೆ ಬಂದ ವೆಂಕಟಪ್ಪ ನಾಯಕನಿಗೆ ಸಂಸ್ಥಾನವನ್ನು ಒಪ್ಪಿಸಿ ಟೇಲರ್ ನಳದುರ್ಗಕ್ಕೆ ಹೋದ. 1857ರ ದಂಗೆಯ ಹೊತ್ತಿಗೆ ಆತ ಬೀರಾರ್ ಸೀಮೆಯ ಬುಲ್ಡಾಣಾದಲ್ಲಿದ್ದ. ಕನ್ನಡ ನಾಡಿನಲ್ಲಿ ಆಗ ಹಲಗಲಿಯ ಬೇಡರು ಆಯುಧ ಒಪ್ಪಿಸಲು ನಿರಾಕರಿಸಿ ಎದ್ದರು. ಮುಂದಿನ ವರ್ಷ ನರಗುಂದದ ಬಾಬಾಸಾಹೇಬ, ಮುಂಡರಗಿ ಭೀಮರಾಯ ಎದ್ದರು. 1858ರ ಫೆಬ್ರವರಿಯಲ್ಲಿ ಸುರಪುರದ ಬೇಡ ಪಡೆ ಇಂಗ್ಲಿಷ್ ಬೀಡಿನ ಮೇಲೆ ಎರಗಿತು. ಕಾದಾಟದಲ್ಲಿ ಕ್ಯಾಪ್ಟನ್ ನ್ಯೂಬೆರಿ ಸತ್ತ. ಹೆಚ್ಚಿನ ಇಂಗ್ಲಿಷ್ ಸೇನೆ ಬರುತ್ತಿದ್ದಂತೆ ಅರಸ ಊರು ಬಿಟ್ಟು ಹೈದರಾಬಾದಿಗೆ ಹೋಗಿ, ಅಲ್ಲಿ ಸೆರೆಸಿಕ್ಕ.

ಸುರಪುರದ ವ್ಯವಸ್ಥೆಗಾಗಿ ಮತ್ತೆ ಟೇಲರ್‌ಗೇ ಕರೆ ಬಂತು. ಹೈದರಾಬಾದಿನ ಸೆರೆಯಲ್ಲಿ ಆತ ತನ್ನ ಸಾಕುಮಗನನ್ನು ಕಂಡ. ಯುವಕ ಅರಸ ಆತನನ್ನು ಅಪ್ಪಿಕೊಂಡು ಅತ್ತ. ರೆಸಿಡೆಂಟ್‌ಗೆ ಬೇಕಾಗಿದ್ದುದು ಹೆಸರುಗಳು: ದಂಗೆಗೆ ಪ್ರೇರೇಪಿಸಿದವರು ಯಾರು, ಪತ್ರ ಬರೆದವರು ಯಾರು ಎಂಬ ವಿವರ. ಹೇಳಿದರೆ ಶಿಕ್ಷೆ ಸಡಿಲವಾದೀತೆಂಬ ಸೂಚನೆಯೂ ಇತ್ತು. ಅಪ್ಪನೆನಿಸಿಕೊಂಡವನ ಮೂಲಕ ಈ ಮಾತು ಹೋಯಿತು.

ಅಂದರೆ, ಮಾಫಿ ಸಾಕ್ಷಿಗಳ ಬಾಯಿಂದಲೇ ಕೀರ್ತಿ ಪಡೆದಿದ್ದ ಟೇಲರ್ ಈಗ ತಾನು ಬೆಳೆಸಿದ ಹುಡುಗನನ್ನು ಆ ಸ್ಥಾನಕ್ಕೆ ಕರೆಯುತ್ತಿದ್ದ. ಅಮೀರ್ ಅಲಿ ಜೀವ ಉಳಿಸಿಕೊಳ್ಳಲು ತನ್ನ ಜೊತೆಯವರನ್ನೆಲ್ಲ ಒಪ್ಪಿಸಿದವನು. ವೆಂಕಟಪ್ಪ ನಾಯಕ ಒಂದು ಹೆಸರನ್ನೂ ಹೇಳಲಿಲ್ಲ. ಪರರ ಪ್ರಾಣ ಕೊಟ್ಟು ತನ್ನ ಪ್ರಾಣ ಕೊಳ್ಳಲು ಆತ ಒಪ್ಪಲಿಲ್ಲ. ಕಳ್ಳನಂತೆ ನೇಣುಹಾಕದೆ ತೋಪಿನ ಬಾಯಿಗೆ ಕಟ್ಟಿ ಹಾರಿಸಲಿ ಎಂಬುದಷ್ಟೇ ಆತನ ಬೇಡಿಕೆಯಾಗಿತ್ತು. ಸೆರೆವಾಸವಂತೂ ಕಡೆಯ ಬೇಡನಿಗೂ ಸಾವಿಗಿಂತ ಹೀನವೆಂದು ತಿಳಿಸಿದ. ಕೊಲೆಗಾರರ ಮನಸ್ಸನ್ನು ಪುಟಗಟ್ಟಲೆ ಬಿಡಿಸಿಟ್ಟ ಟೇಲರ್‌ನ ಬರಹ ಈ ಭೇಟಿಯ ವಿಷಯ ಬಂದಾಗ ವಿವರಣೆಗೆ ಇಳಿಯುವುದಿಲ್ಲ. ನಡೆದದ್ದನ್ನು ಬರೆದು ಮುಂದೆ ಸಾಗುತ್ತದೆ.

ವಿಚಾರಣೆಯಲ್ಲಿ ಮರಣದಂಡನೆಯಾಯಿತು. ರೆಸಿಡೆಂಟ್ ಅದನ್ನು ಜೀವಾವಧಿ ಗಡೀಪಾರಿಗೆ ಇಳಿಸಿದ. ಗವರ್ನರ್ ಜನರಲ್ ಇನ್ನೂ ತಗ್ಗಿಸಿ ಮದರಾಸಿನ ಬಳಿಯ ಚೆಂಗಲ್ಪಟ್ಟಿನಲ್ಲಿ ನಾಲ್ಕು ವರ್ಷದ ಸೆರೆ ಎಂದ. ನಡತೆ ಸರಿಯಿದ್ದರೆ ಸಂಸ್ಥಾನ ಮರಳಿ ದೊರೆಯುವ ಆಸೆಯನ್ನೂ ತೋರಿಸಿದ. ಟೇಲರ್ ಹಿಗ್ಗಿದ. ಜಾತಕ ಸುಳ್ಳಾಯಿತೆಂದು ಜ್ಯೋತಿಷಿಗೆ ಹೇಳಿದರೂ ಆತ ಒಪ್ಪಲಿಲ್ಲವಂತೆ. ಚೆಂಗಲ್ಪಟ್ಟಿನ ದಾರಿಯಲ್ಲಿ, ಕಾವಲಿಗಿದ್ದ ಇಂಗ್ಲಿಷ್ ಅಧಿಕಾರಿ ತನ್ನ ಪಿಸ್ತೂಲಿನ ನಡುಪಟ್ಟಿಯನ್ನು ಕುರ್ಚಿಗೆ ತೂಗುಹಾಕಿ ಹೊರಗೆ ಹೋಗಿದ್ದಾಗ ಗುಂಡಿನ ಸದ್ದು ಕೇಳಿತು. ಅರಸ ಸತ್ತಿದ್ದ. ಬೇಕೆಂದು ಮಾಡಿಕೊಂಡದ್ದೋ, ಕೈತಪ್ಪಿ ಹಾರಿದ್ದೋ ಎಂಬುದನ್ನು ಟೇಲರ್ ತೀರ್ಮಾನಿಸಲು ಹೋಗಿಲ್ಲ. ಸುರಪುರದ ಜನಕ್ಕೆ ಈ ಬಗ್ಗೆ ಎಂದೂ ಅನುಮಾನವಿರಲಿಲ್ಲ.

ಸಂಸ್ಥಾನವನ್ನು ಇಂಗ್ಲಿಷರು ವಶಪಡಿಸಿಕೊಂಡು 1860ರ ಒಪ್ಪಂದದಲ್ಲಿ ನಿಜಾಮನಿಗೆ ಕೊಟ್ಟರು. ಅದೇ ವರ್ಷ ಆರೋಗ್ಯ ಕೆಟ್ಟು ಟೇಲರ್ ನಿವೃತ್ತನಾಗಿ ಸ್ವದೇಶಕ್ಕೆ ಮರಳಿದ. ಮುಂದಿನ ವರ್ಷಗಳಲ್ಲಿ ತಾರಾ, ರಾಲ್ಫ್ ಡಾರ್ನೆಲ್, ಸೀತಾ ಎಂಬ ಕಾದಂಬರಿಗಳನ್ನು ಬರೆದ. 1857ರ ಹಿನ್ನೆಲೆಯ ಸೀತಾದಲ್ಲಿ ಇಂಗ್ಲಿಷ್ ಅಧಿಕಾರಿ ಭಾರತೀಯ ಹೆಣ್ಣನ್ನು ಮದುವೆಯಾಗುತ್ತಾನೆ. ದಂಗೆಯ ನಂತರದ ಇಂಗ್ಲೆಂಡಿಗೆ ಇದು ಹಿತವಾಗುವ ವಸ್ತುವಾಗಿರಲಿಲ್ಲ. ವಿದ್ಯಾರ್ಥಿಗಳಿಗಾಗಿ ಭಾರತದ ಇತಿಹಾಸವೊಂದನ್ನೂ ರಚಿಸಿದ. ಯಾವುದೂ ಥಗ್ಗನ ಕಥೆಯಷ್ಟು ಹೆಸರು ಮಾಡಲಿಲ್ಲ.

ಅಪರಾಧಿಯ ಮನಸ್ಸಿನ ಅಧ್ಯಯನ ಅಷ್ಟರಲ್ಲಿ ಯುರೋಪಿನಲ್ಲಿ ಶಾಸ್ತ್ರದ ಪಟ್ಟ ಪಡೆಯಲು ಹೊರಟಿತ್ತು. ಇಟಲಿಯ ಚೆಸಾರೆ ಲೊಂಬ್ರೊಸೊ ಹುಟ್ಟು ಅಪರಾಧಿಯ ಮುಖಲಕ್ಷಣಗಳನ್ನು ಹೇಳುವ ತನ್ನ ಗ್ರಂಥವನ್ನು 1876ರಲ್ಲಿ ಹೊರತಂದ. ಅದು ಕಪಾಲಶಾಸ್ತ್ರದ ಹಾದಿಯಲ್ಲೇ ನಡೆದು ಮುಂದೆ ಮೂಲೆ ಸೇರಿತು. ಮುಖ ನೋಡಿ ಕೊಲೆಗಾರನನ್ನು ಗುರುತಿಸಲಾಗದೆಂಬುದೇ ಟೇಲರ್‌ನ ಪುಸ್ತಕದ ಒಟ್ಟು ಅನುಭವ. ಈ ಒಂದು ವಿಷಯದಲ್ಲಿ ಆತ ಶಾಸ್ತ್ರಜ್ಞರಿಗಿಂತ ಮುಂದಿದ್ದ. ಬಾಯಿ ಬಿಡಿಸುವ ವಿದ್ಯೆಯ ಪ್ರಶ್ನೆ ಕರ್ನಾಟಕದಲ್ಲಿ ಮತ್ತೊಮ್ಮೆ ಎದ್ದದ್ದು ಈ ಶತಮಾನದ ಮೊದಲ ದಶಕದಲ್ಲಿ, ಬೆಂಗಳೂರಿನಲ್ಲಿ ಮಂಪರು ಪರೀಕ್ಷೆಗಳು ಸುದ್ದಿಯಾಗಿದ್ದಾಗ. 2010ರ ಮೇ 5ರಂದು ಸೆಲ್ವಿ ಮತ್ತು ಕರ್ನಾಟಕ ಸರ್ಕಾರದ ನಡುವಿನ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ ವ್ಯಕ್ತಿಯ ಒಪ್ಪಿಗೆಯಿಲ್ಲದೆ ಅಂತಹ ಪರೀಕ್ಷೆ ನಡೆಸುವಂತಿಲ್ಲವೆಂದು ತೀರ್ಪಿತ್ತಿತು.

ಟೇಲರ್‌ಗೆ 1875ರ ಹೊತ್ತಿಗೆ ಕಣ್ಣು ಮಂಜಾಗುತ್ತ ಬಂದಿತ್ತು. ಆದರೂ ಹೈದರಾಬಾದಿನ ದಿವಾನ ಸಾಲಾರ್ ಜಂಗನ ಆಹ್ವಾನದ ಮೇರೆಗೆ ಮತ್ತೊಮ್ಮೆ ಭಾರತಕ್ಕೆ ಬಂದ. ಇಲ್ಲಿ ಜ್ವರ ಹಿಡಿಯಿತು. ಹಿಂತಿರುಗುವ ದಾರಿಯಲ್ಲಿ ಫ್ರಾನ್ಸಿನ ಮೆಂಟನ್ ಎಂಬಲ್ಲಿ 1876ರ ಮೇ 13ರಂದು ಕೊನೆಯುಸಿರೆಳೆದ. ಮಗಳು ಆಲಿಸ್ ಸಂಪಾದಿಸಿದ ಆತ್ಮಕಥೆ ಮರುವರ್ಷ ಪ್ರಕಟವಾಯಿತು. ವೆಂಕಟಪ್ಪ ನಾಯಕ ಸೆರೆಮನೆಯಲ್ಲಿ ಹೆಸರು ಹೇಳಲು ನಿರಾಕರಿಸಿದ ಸಂಗತಿ ಲೋಕಕ್ಕೆ ತಿಳಿದದ್ದು ಆ ಪುಸ್ತಕದಿಂದ. 1909ರಲ್ಲಿ ಸಾವರ್ಕರ್ ಇಂಗ್ಲಿಷರ ನಿಷೇಧದ ನಡುವೆ 1857ರ ಇತಿಹಾಸವನ್ನು ಹೊರತಂದಾಗ, ಸುರಪುರದ ಅರಸನ ಪ್ರಕರಣಕ್ಕೆ ಆಧಾರವಾಗಿ ಬಳಸಿಕೊಂಡದ್ದೂ ಟೇಲರ್‌ನ ಬರಹವನ್ನೇ.